ಮನೆ ಎಷ್ಟಕ್ಕೆ ಬಿತ್ತು

ನಮ್ಮ ಪಕ್ಕದ ಖಾಲಿ ಜಾಗದಲ್ಲಿ ಈಗ ಮನೆ ಏಳುತ್ತಿದೆ. ಬೆಳಿಗ್ಗೆ ಅಡುಗೆಮನೆಯ ಕಿಟಕಿ ತೆರೆದರೆ, ಹಸಿ ಸಿಮೆಂಟಿಗೆ ನೀರು ಹೊಡೆದ ವಾಸನೆ ನೇರ ಒಳಗೆ ಬರುತ್ತದೆ. ಮನೆ ಕಟ್ಟಿಸುವವರಿಗೆ ಅದರಂಥ ಪರಿಮಳ ಇನ್ನೊಂದಿಲ್ಲ. ಒಂದು ಕಾಲಕ್ಕೆ ನನಗೂ ಇರಲಿಲ್ಲ. ಈಗ ಕಿಟಕಿ ಮುಚ್ಚಿಬಿಡುತ್ತೇನೆ. ಕಟ್ಟಿಸುತ್ತಿರುವವರು ಎಳೆಯ ಗಂಡ ಹೆಂಡತಿ, ಅಗಡಿಯವರು. ನಿನ್ನೆ ಆ ಹುಡುಗಿ ಕುಡಿಯುವ ನೀರಿಗೆಂದು ಬಂದವಳು ಪಡಸಾಲೆಯಲ್ಲಿ ನಿಂತು ನೆಲ, ಗೋಡೆ, ಛತ್ತು ಎಲ್ಲವನ್ನೂ ಕಣ್ಣಲ್ಲೇ ಅಳೆದು, "ಅಕ್ಕಾರ, ಈ ಮನಿ ನಿಮಗ ಒಟ್ಟ ಎಷ್ಟಕ್ಕ ಬಿತ್ತರಿ?" ಎಂದಳು. ಜಾಗಕ್ಕೆ ಕೊಟ್ಟದ್ದು, ಕಂಟ್ರಾಕ್ಟರನಿಗೆ ಕೊಟ್ಟದ್ದು ಕೂಡಿಸಿ ಒಂದು ಅಂಕಿ ಹೇಳಿದೆ. "ಭಾಳ ಸೋವಿ ಆತ ಬಿಡ್ರಿ" ಎಂದು ಕೊಡ ತುಂಬಿಸಿಕೊಂಡು ಹೋದಳು.

ಆ 'ಸೋವಿ', ಅಗ್ಗ ಎಂಬ ಆ ಮಾತು, ನನ್ನ ಗಂಟಲಲ್ಲಿ ಮುಳ್ಳಿನಂತೆ ಕೂತುಬಿಟ್ಟಿದೆ. ನಾನು ಗಣಿತದ ಟೀಚರು. ಬ್ಯಾಡಗಿಯ ಒಂದು ಖಾಸಗಿ ಶಾಲೆಯಲ್ಲಿ, ತಲೆ ನರೆಯುವವರೆಗೂ ಮಕ್ಕಳಿಗೆ ಸರಳಬಡ್ಡಿ, ಚಕ್ರಬಡ್ಡಿ ಕಲಿಸಿದವಳು. ಅಸಲು ಎಂದರೇನು, ಬಡ್ಡಿ ಎಂದರೇನು ಎಂದು ನಿದ್ದೆಯಲ್ಲಿ ಕೇಳಿದರೂ ಹೇಳಿಯೇನು. ಸ್ವಂತ ಮನೆಯ ಲೆಕ್ಕ ಬಿಟ್ಟು ಉಳಿದೆಲ್ಲ ಲೆಕ್ಕಗಳಲ್ಲಿ ನಾನು ಪಂಡಿತೆ.

ಈ ಮನೆ ಕಟ್ಟಿಸುವ ಮೊದಲು ನಾವು ಇದೇ ಹಾವೇರಿಯಲ್ಲಿ ಬಾಡಿಗೆ ಮನೆಯಲ್ಲಿದ್ದೆವು. ಮಾಲೀಕರ ಹೆಂಡತಿ ಕೆಟ್ಟವಳೆಂದು ಹೇಳಲಾರೆ. ಆದರೆ ಮಾಳಿಗೆ ಅವಳದು, ಮಾಳಿಗೆಯ ಮೇಲಿನ ಬಿಸಿಲೂ ಅವಳದು. ನಮ್ಮ ಅತ್ತೆ ಗುತ್ತಲದ ಕಡೆಯವರು, ಬೇಸಿಗೆ ಬಂತೆಂದರೆ ಸಂಡಿಗೆ ಇಡದೆ ಇರಲಾರರು. ಒಂದು ವರ್ಷ ಅವರು ಮಾಳಿಗೆಯ ಮೇಲೆ ಹಳೆಯ ಸೀರೆ ಹಾಸಿ ಸಂಡಿಗೆ ಇಟ್ಟು ಕೆಳಗೆ ಬಂದರು. ಮಧ್ಯಾಹ್ನ ನಾನು ಶಾಲೆಯಿಂದ ಬರುವ ಹೊತ್ತಿಗೆ ಆ ಸೀರೆಯನ್ನು, ಒಣಗದ ಸಂಡಿಗೆಯ ಸಮೇತ, ಮಡಚಿ ನಮ್ಮ ಹೊಸ್ತಿಲ ಮುಂದೆ ಇಡಲಾಗಿತ್ತು. ಅತ್ತೆ ಸಂಜೆಯವರೆಗೆ ಕೂತು ಸೀರೆಗೆ ಅಂಟಿದ ಹಿಟ್ಟನ್ನು ಚಮಚೆಯಿಂದ ಕೆರೆದರು. ನಮ್ಮದೊಂದು ಮನೆ ಆಗಬೇಕು ಎಂದು ನಾವು ಗಂಡ ಹೆಂಡತಿ ನಿಶ್ಚಯಿಸಿದ್ದು ಅಂದು.

ಬೇಡ ಎಂದವರು ಯಾರೂ ಇಲ್ಲ. ಬಾಡಿಗೆ ಕೊಟ್ಟದ್ದು ಹೊಳೆಗೆ ಹಾಕಿದ ಹಾಗೆ, ಕಂತು ಕಟ್ಟಿದ್ದು ಗೋಡೆಯಾಗಿ ನಿಲ್ಲುತ್ತದೆ ಎಂದು ನಮ್ಮ ಅಣ್ಣ ಹೇಳಿದ. ಬ್ಯಾಂಕಿನವರು ಕಂತು ಎಷ್ಟು ಎಂದು ಹೇಳಿದರು. ನಾವು ಪಗಾರದಲ್ಲಿ ಅದನ್ನು ಕಳೆದು ನೋಡಿದೆವು; ಉಳಿದದ್ದರಲ್ಲಿ ರೊಟ್ಟಿ ಪಲ್ಲೆಗೆ ಕೊರತೆಯಿರಲಿಲ್ಲ. ನೀವೂ ಸಾಲ ಮಾಡಿದವರಾದರೆ ನಿಮಗೆ ಗೊತ್ತು, ಆಗ ಕಣ್ಣಿಗೆ ಕಾಣುವುದು ಕಂತು ಒಂದೇ. ಅದು ಎಷ್ಟು ವರ್ಷ, ಆ ವರ್ಷಗಳಲ್ಲಿ ನಾವು ಏನಾಗಿರುತ್ತೇವೆ ಎಂಬುದನ್ನು ಯಾವ ಬ್ಯಾಂಕೂ ಹೇಳುವುದಿಲ್ಲ, ಯಾವ ಹೆಂಡತಿಯೂ ಕೇಳುವುದಿಲ್ಲ.

ನಮ್ಮ ಮನೆಯವರು ಆಗ ರಾಣೆಬೆನ್ನೂರಿನ ಒಂದು ಬೀಜದ ಕಂಪನಿಯಲ್ಲಿದ್ದರು. ಬೀಜ ಮೊಳೆಯುತ್ತದೋ ಇಲ್ಲವೋ ಪರೀಕ್ಷೆ ಮಾಡಿ, ಮಾರಾಟಕ್ಕೆ ಯೋಗ್ಯ ಎಂದು ಸಹಿ ಹಾಕುವುದು ಅವರ ಕೆಲಸ. ಸಾಲಕ್ಕೆ ಪಗಾರದ ಪತ್ರ ಬೇಕೆಂದು ಮ್ಯಾನೇಜರ ಬಳಿ ಹೋದಾಗ ಅವರು ಕೂರಿಸಿ ಚಹಾ ತರಿಸಿದರಂತೆ. ಪತ್ರಕ್ಕೆ ಸಹಿ ಹಾಕಿ, ನಕ್ಕು, "ಚಲೋ ಆತ. ಇನ್ನ ನೀವು ನಮ್ಮನ್ನ ಬಿಟ್ಟ ಎಲ್ಲಿ ಹೋಗ್ತೀರಿ?" ಎಂದರಂತೆ. ಇವರು ಅದನ್ನು ಅಕ್ಕರೆಯೆಂದು ತಿಳಿದು ಮನೆಗೆ ಬಂದು ಹೇಳಿದರು. ನಾನೂ ಅಕ್ಕರೆಯೆಂದೇ ತಿಳಿದು, ಗೃಹಪ್ರವೇಶದ ಕಾರ್ಡಿನಲ್ಲಿ ಆ ಮ್ಯಾನೇಜರ ಹೆಸರನ್ನು ಸ್ವಲ್ಪ ದಪ್ಪ ಅಕ್ಷರದಲ್ಲಿ ಬರೆಸಿದೆ.

ಮನೆಯ ಮೊದಲ ಬೇಸಿಗೆ ಚೆನ್ನಾಗಿತ್ತು, ಅದನ್ನು ಇಲ್ಲವೆನ್ನಲಾರೆ. ಅತ್ತೆ ಮಾಳಿಗೆಯ ತುಂಬ ಸಂಡಿಗೆ ಇಟ್ಟು, ಕಾಲಿಡಲು ಜಾಗವಿಲ್ಲದಂತೆ ಮಾಡಿ, ಮೆಟ್ಟಿಲ ಮೇಲೆ ಕೋಲು ಹಿಡಿದು ಕೂತರು. ಕಾಗೆ ಓಡಿಸಲು ಎನ್ನುತ್ತಿದ್ದರು. ಕಾಗೆಗಳಿಗಿಂತ ಹೆಚ್ಚಾಗಿ ಹಾದಿಯಲ್ಲಿ ಹೋಗುವವರಿಗೆ ಕಾಣಲೆಂದೇ ಕೂತಿದ್ದರು ಎಂದು ನನ್ನ ಅನುಮಾನ.

ಅದೇ ವರ್ಷ ಖಾದರಭಾಯಿ ಬಂದರು. ಇವರ ಕಾಲೇಜು ಗೆಳೆಯ, ಬ್ಯಾಡಗಿಯಲ್ಲಿ ಮೆಣಸಿನಕಾಯಿ ವ್ಯಾಪಾರ. ಸುಗ್ಗಿಯಲ್ಲಿ ಮಾರ್ಕೆಟ್ಟಿನ ಘಾಟಿಗೆ ನನ್ನ ಇಡೀ ತರಗತಿ ಸೀನುವಾಗ ನಾನು ಮನಸ್ಸಿನಲ್ಲಿ ಬೈದುಕೊಳ್ಳುತ್ತಿದ್ದದ್ದು ಅವರನ್ನೇ. ಮೋಟೆಬೆನ್ನೂರಿನ ರಸ್ತೆಯಲ್ಲಿ ತಮ್ಮದೊಂದು ತುಂಡು ಹೊಲವಿದೆ, ಅಲ್ಲಿ ಮೆಣಸಿನ ಸಸಿ ಬೆಳೆಸಿ ರೈತರಿಗೆ ಮಾರೋಣ, ಬೀಜದ ಗುಣ ನಿನಗೆ ಗೊತ್ತು, ಮಾರುವುದು ನನಗೆ ಗೊತ್ತು ಎಂದರು. ದುಡ್ಡು ಹಾಕುವುದು ಬೇಡ. ನೌಕರಿ ಬಿಟ್ಟು ಒಂದೆರಡು ವರ್ಷ ಪಗಾರವಿಲ್ಲದೆ ದುಡಿದರೆ ಸಾಕು. ಇವರು ಕೇಳುತ್ತ ಕೇಳುತ್ತ ಚಹಾದ ಕಪ್ಪು ಬದಿಗಿಟ್ಟು, ನೆಲದ ಮೇಲೆ ಬೆರಳಿನಿಂದ ಮಡಿಗಳ ಗೆರೆ ಎಳೆಯತೊಡಗಿದರು. ನೀರು ಎಲ್ಲಿಂದ ಬರಬೇಕು, ನೆರಳು ಎಷ್ಟು ಬೇಕು. ಅಷ್ಟು ಸಂತೋಷದ ಮುಖವನ್ನು ನಾನು ಅದಕ್ಕೆ ಮುಂಚೆ ಕಂಡಿರಲಿಲ್ಲ, ಆಮೇಲೂ ಕಂಡಿಲ್ಲ. ಆಮೇಲೆ ಬೆರಳು ನಿಂತಿತು.

"ತಿಂಗಳಾ ಕಂತು ಐತಿ ಖಾದರಾ" ಎಂದರು.

"ಒಂದೆರಡ ವರ್ಷ ತಡೀರಿ ಅಂದ್ರ ಬ್ಯಾಂಕ್‌ನವ್ರು ತಡಿಯೂದಿಲ್ಲೇನ?" ಎಂದು ಖಾದರಭಾಯಿ ಕೇಳಿದರು. ಅವರ ಮನೆತನದಲ್ಲಿ ಯಾರೂ ಬ್ಯಾಂಕಿನ ಸಾಲ ಮಾಡಿದವರಲ್ಲ, ನಿಜವಾಗಿ ಗೊತ್ತಿಲ್ಲದೆ ಕೇಳಿದ ಪ್ರಶ್ನೆ ಅದು. ಮತ್ತೂ ಎರಡು ಸಲ ಬಂದರು. ಕೊನೆಗೆ ತಮ್ಮ ಭಾವಮೈದುನನನ್ನು ಜೊತೆ ಮಾಡಿಕೊಂಡು ನರ್ಸರಿ ಶುರುಮಾಡಿದರು. ನಾನು ಬ್ಯಾಡಗಿಗೆ ಹೋಗುವ ಬಸ್ಸು ಅದರ ಮುಂದೆಯೇ ಹಾಯುತ್ತಿತ್ತು. ಹಸಿರು ಬಲೆಯ ಚಪ್ಪರ ವರ್ಷದಿಂದ ವರ್ಷಕ್ಕೆ ಉದ್ದವಾಗುವುದನ್ನು ನೋಡಿದೆ. ಆಮೇಲಾಮೇಲೆ ಬಸ್ಸಿನ ಆ ಬದಿಯ ಸೀಟಿನಲ್ಲಿ ಕೂರುವುದನ್ನು ಬಿಟ್ಟೆ.

ಕೆಲವು ವರ್ಷಗಳ ಮೇಲೆ ಕಂಪನಿಯಲ್ಲಿ ಮೆಣಸಿನ ಬೀಜದ ಒಂದು ದೊಡ್ಡ ರಾಶಿ ಪರೀಕ್ಷೆಯಲ್ಲಿ ಸೋತಿತು. ಅರ್ಧಕ್ಕರ್ಧ ಮೊಳೆಯಲಿಲ್ಲ. ಸಹಿ ಹಾಕಲಾರೆ ಎಂದು ಇವರು ಹೇಳಿದರು. ಮ್ಯಾನೇಜರು ಈ ಸಲ ಚಹಾ ತರಿಸಲಿಲ್ಲ. "ಸಹಿ ಮಾಡ್ರಿ, ಇಲ್ಲಂದ್ರ ಸಿಂಧನೂರ ಬ್ರಾಂಚಿಗೆ ಹೋಗ್ರಿ. ಎರಡೂ ಬ್ಯಾಡಂದ್ರ ರಾಜೀನಾಮೆ ಕೊಡ್ರಿ" ಎಂದರಂತೆ. ಮೊದಲ ದಿನದ ಆ ನಗೆಯ ಅರ್ಥ ನನಗೆ ಆಗ ಹೊಳೆಯಿತು. ಮನೆಯ ಸಾಲವಿರುವ ನೌಕರ ಎಷ್ಟು ದೂರ ತಳ್ಳಿದರೂ ಬಿಟ್ಟುಹೋಗುವುದಿಲ್ಲ ಎಂದು ಅವರಿಗೆ ಅಂದೇ ತಿಳಿದಿತ್ತು, ನಮಗೇ ತಿಳಿದಿರಲಿಲ್ಲ. ಇವರು ಸಹಿ ಹಾಕಲಿಲ್ಲ, ಸಿಂಧನೂರಿಗೆ ಹೋದರು. ಬೀಜ ಮಾತ್ರ ನಿಲ್ಲಲಿಲ್ಲ. ಬೇರೆಯವರ ಸಹಿಯ ಮೇಲೆ ಹೊರಗೆ ಹೋಯಿತು. ರೈತರಿಗೆ ಹೇಳಬಹುದಿತ್ತಲ್ಲ ಎಂದು ನೀವು ಕೇಳುತ್ತೀರಿ. ಹೇಳಿದರೆ ನೌಕರಿ ಹೋಗುತ್ತಿತ್ತು. ಆ ವರ್ಷವೆಲ್ಲ ಇವರು ಪೇಪರು ಓದುವುದನ್ನು ನಿಲ್ಲಿಸಿದ್ದರು.

ಸಿಂಧನೂರಿನಲ್ಲಿ ಇವರಿಗೊಂದು ಬಾಡಿಗೆ ಕೋಣೆ. ಸ್ವಂತ ಮನೆಯ ಕಂತು ಕಟ್ಟಲು ಮನುಷ್ಯ ಬಾಡಿಗೆ ಕೋಣೆಯಲ್ಲಿರಬೇಕು ಎಂಬುದನ್ನು ನಮ್ಮ ಅಣ್ಣನ ಲೆಕ್ಕ ಹೇಳಿರಲಿಲ್ಲ. ಹದಿನೈದು ದಿನಕ್ಕೊಮ್ಮೆ ಶನಿವಾರ ಸಂಜೆ ಬರುವರು, ಭಾನುವಾರ ಊಟ ಮಾಡಿ ಹೊರಡುವರು. ಮಗಳು ಶಿಲ್ಪಾ ಅಪ್ಪ ಬಂದಾಗ ಹೊಸ ಫ್ರಾಕು ಹಾಕಿಕೊಳ್ಳುತ್ತಿದ್ದಳು, ಬೀಗರು ಬಂದಾಗ ಹಾಕಿಕೊಳ್ಳುವ ಹಾಗೆ. "ಅಪ್ಪಾ ಯಾವಾಗ ಹೋಗ್ತಾರ?" ಎಂದು ನನ್ನ ಕಿವಿಯಲ್ಲಿ ಕೇಳುತ್ತಿದ್ದಳು. ಅತ್ತೆ ತೀರಿಕೊಂಡಾಗ ಇವರು ಬಸ್ಸಿನಲ್ಲಿದ್ದರು. ಫೋನನ್ನು ಅತ್ತೆಯ ಕಿವಿಗೆ ಹಿಡಿದಿದ್ದೆ. ಆಚೆಯಿಂದ ಇಂಜಿನ್ನಿನ ಸದ್ದಷ್ಟೇ ಕೇಳುತ್ತಿತ್ತು.

ಇಷ್ಟಾದರೂ ಸಾಲ ಅರ್ಧವಾದರೂ ತೀರಿರಬೇಕು ಎಂಬ ಧೈರ್ಯ ನನಗಿತ್ತು. ಚೀಟಿಯ ಹಣ ಎತ್ತಿ, ಕೈಯ ಪಾಟಲಿ ಬಳೆ ಮಾರಿ, ಒಂದಿಷ್ಟು ಗಂಟು ಮಾಡಿಕೊಂಡು, ಉಳಿದ ಸಾಲವನ್ನು ಒಮ್ಮೆಗೇ ಇಳಿಸಿ ಇವರನ್ನು ಮನೆಗೆ ಕರೆಸಿಕೊಳ್ಳುವೆನೆಂದು ಹಾವೇರಿಯ ಬ್ಯಾಂಕಿಗೆ ಹೋದೆ. ಅಲ್ಲೊಬ್ಬ ಹೊಸ ಆಫೀಸರು, ಮರ್ಯಾದಸ್ಥ. ಕಂಪ್ಯೂಟರ್ ನೋಡಿ ಬಾಕಿ ಎಷ್ಟೆಂದು ಹೇಳಿದರು. ಬೇರೆ ಯಾರದೋ ಖಾತೆ ಇರಬೇಕು ಎಂದೆ. ಹೆಸರು ಓದಿ ಹೇಳಿದರು. ನಮ್ಮದೇ.

"ನಡುವ ಬಡ್ಡಿ ದರ ಏರೇತಿ ಮೇಡಂ. ನಿಮಗ ತ್ರಾಸ ಆಗಬಾರದಂತ ಬ್ಯಾಂಕು ಕಂತು ಏರಿಸಿಲ್ಲ, ಅವಧಿ ಅಷ್ಟ ಏರಿಸೇತಿ. ನೀವು ಕಟ್ಟಿದ್ದು ಬಹುತೇಕ ಬಡ್ಡಿಗೇ ಹೋಗೇತಿ" ಎಂದರು.

"ನಮಗ ಕೇಳಬೇಕಿದ್ದಿಲ್ಲೇನ್ರಿ?"

"ಕಾಗದದಾಗ ಐತ್ರಿ. ನಿಮ್ಮಿಬ್ಬರದೂ ಸಹಿ ಐತಿ."

ಹೊಸ ಅವಧಿಯ ಪ್ರಕಾರ ಇವರು ನಿವೃತ್ತರಾದ ಮೇಲೂ ಸಾಲ ದುಡಿಯುತ್ತಲೇ ಇರುತ್ತಿತ್ತು. ತಂದದ್ದನ್ನು ಕಟ್ಟಿ ಬಂದೆ. ಅಸಲು ಸ್ವಲ್ಪ ಅಲುಗಾಡಿತು, ಅಷ್ಟೆ.

ಮರುದಿನ ಎಂಟನೇ ತರಗತಿಯಲ್ಲಿ ಬಡ್ಡಿಯ ಪಾಠವಿತ್ತು. ಪುಸ್ತಕದ ಲೆಕ್ಕ ಬಿಟ್ಟು ನಮ್ಮ ಸಾಲವನ್ನೇ ಬೋರ್ಡಿನ ಮೇಲೆ ಬರೆದೆ, ಯಾರದೆಂದು ಹೇಳಲಿಲ್ಲ. ಈ ತಿಂಗಳ ಬಡ್ಡಿ ತೆಗೆಯಿರಿ, ಅದನ್ನು ಕಂತಿನಲ್ಲಿ ಕಳೆಯಿರಿ, ಉಳಿದದ್ದನ್ನು ಅಸಲಿನಲ್ಲಿ ಕಳೆಯಿರಿ, ಮತ್ತೆ ಮುಂದಿನ ತಿಂಗಳು ಎಂದೆ. ಮಕ್ಕಳು ಪುಟ ತುಂಬಿಸಿದರು. ಕಡೆಗೆ ಒಬ್ಬ ಹುಡುಗಿ ಎದ್ದು ನಿಂತಳು. "ಟೀಚರ್, ಇದು ತಪ್ಪ ಬರಾಕತ್ತೇತ್ರಿ. ವರ್ಷಗಟ್ಟಲೆ ಕಟ್ಟಿದ್ರೂ ಸಾಲ ಹಂಗ ಐತಿ."

ತಪ್ಪಿಲ್ಲ, ಕೂತುಕೋ ಎಂದೆ. ಅವಳು ಕೂತಳು, ಆದರೆ ನಂಬಲಿಲ್ಲ. ಪಕ್ಕದವಳ ಹಾಳೆಯನ್ನು ನೋಡಿ, ತನ್ನದನ್ನು ಅಳಿಸಿ, ಮತ್ತೆ ಮೊದಲಿಂದ ಮಾಡತೊಡಗಿದಳು. ನಾನು ಬೋರ್ಡಿನ ಕಡೆ ತಿರುಗಿ ಬಹಳ ಹೊತ್ತು ಒರೆಸುತ್ತ ನಿಂತೆ.

ಆ ಬೇಸಿಗೆಯ ರಜೆಯಲ್ಲಿ ಸಿಂಧನೂರಿಗೆ ಹೋದೆ, ಮೊದಲ ಸಲ. ಕೋಣೆ ನೋಡಿ ಕಣ್ಣೀರು ಬರುತ್ತದೆಂದು ಸಿದ್ಧಳಾಗಿಯೇ ಹೋಗಿದ್ದೆ; ಹಾಗಾಗಲಿಲ್ಲ. ಕೋಣೆ ಅಚ್ಚುಕಟ್ಟಾಗಿತ್ತು. ಅಂಗಳದಲ್ಲಿ ಇವರು ನೆಟ್ಟ ಕರಿಬೇವು ಆಳೆತ್ತರ ಬೆಳೆದಿತ್ತು. ನಮ್ಮ ಹಾವೇರಿಯ ಮನೆಯಲ್ಲಿ ಇವರು ಒಂದು ತುಳಸಿಯನ್ನೂ ನೆಟ್ಟವರಲ್ಲ. ಮನೆಯ ಮಾಲೀಕರು ವಯಸ್ಸಾದ ದಂಪತಿ. ಸಂಜೆ ಇವರೂ ಆ ಯಜಮಾನರೂ ಕಟ್ಟೆಯ ಮೇಲೆ ಚದುರಂಗ ಹಾಕಿಕೊಂಡು ಕೂತರು. ಸೋತಾಗ ಇವರು ಗಟ್ಟಿಯಾಗಿ ನಕ್ಕರು. ಆ ಯಜಮಾನಿ ನನಗೆ ಚಹಾ ಕೊಡುತ್ತ, ನಿಮ್ಮ ಮನೆಯವರಿಗೆ ಸಕ್ಕರೆ ಕಡಿಮೆ ಹಾಕಬೇಕು, ಗೊತ್ತಲ್ಲ ಎಂದರು. ನನಗೆ ಗೊತ್ತಿರಲಿಲ್ಲ. ಯಾವಾಗಿನಿಂದ ಕಡಿಮೆ ಮಾಡಿದ್ದರೋ ಏನೋ. ಹೌದು, ಗೊತ್ತು ಎಂದೆ.

ಇವರು ನಿವೃತ್ತರಾದಾಗ ಕಂಪನಿಯಿಂದ ಬಂದ ಹಣವೆಲ್ಲ ಒಂದೇ ಮಧ್ಯಾಹ್ನದಲ್ಲಿ ಬ್ಯಾಂಕಿಗೆ ಸೇರಿತು. ಸಾಲ ತೀರಿತು. ಮನೆಯ ಕಾಗದಗಳನ್ನು ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ ಕೊಟ್ಟರು. ಕೈ ಕುಲುಕಿ, ಮೇಲಿನ ಮಹಡಿ ಕಟ್ಟಿಸುವುದಾದರೆ ಹೊಸ ಸಾಲಕ್ಕೆ ನೀವು ಅರ್ಹರು ಎಂದರು. ಇವರು ವಿನಯದಿಂದ ತಲೆದೂಗಿ ಹೊರಗೆ ಬಂದು, ರಸ್ತೆಯಲ್ಲಿ, "ಈಗ ಖರೇ ನಮ್ಮದ ಆತೇನ?" ಎಂದು ಕೇಳಿದರು. ಅಷ್ಟರಲ್ಲಿ ಅತ್ತೆಯೂ ಇಲ್ಲ, ಮಗಳು ಮದುವೆಯಾಗಿ ದಾವಣಗೆರೆಯಲ್ಲಿ. ಮಾಳಿಗೆಯ ಮೇಲೆ ಸಂಡಿಗೆ ಇಡಲು ನನಗೆ ಬರುವುದಿಲ್ಲ.

ಈಗ ಇವರು ಮನೆಯಲ್ಲಿದ್ದಾರೆ. ಇದ್ದಾರೆ ಎಂದರೆ, ಕುರ್ಚಿಯ ಅಂಚಿನಲ್ಲಿ ಕೂರುತ್ತಾರೆ. ಯಾವ ಬಟನ್ ಒತ್ತಿದರೆ ಯಾವ ದೀಪ ಎಂದು ತಿಳಿಯದೆ ಎಲ್ಲವನ್ನೂ ಒಂದೊಂದಾಗಿ ಒತ್ತಿ ನೋಡುತ್ತಾರೆ. ನನ್ನ ಸಮಾಧಾನಕ್ಕೆ ಮನೆ ಚಂದ ಐತಿ ಎನ್ನುತ್ತಾರೆ, ಬೇರೆಯವರ ಮನೆಗೆ ಹೋದಾಗ ಅನ್ನುತ್ತೇವಲ್ಲ, ಹಾಗೆ. ಆ ಮಾತಿಗೆ ನನಗೆ ಸಿಟ್ಟು ಬರುತ್ತದೆ, ಯಾರ ಮೇಲೆ ಎಂದು ಗೊತ್ತಾಗುವುದಿಲ್ಲ.

ಎರಡು ತಿಂಗಳಿಗೊಮ್ಮೆ ಸಿಂಧನೂರಿಗೆ ಹೋಗುತ್ತಾರೆ. ಆ ಯಜಮಾನರಿಗೆ ಈಗ ಕಣ್ಣು ಸರಿಯಾಗಿ ಕಾಣುವುದಿಲ್ಲ, ಆದರೂ ಆಟ ನಡೆದಿದೆಯಂತೆ. ಮೊದಲ ಸಲ ಹೊರಡುವಾಗ ಇವರು, "ಊರಿಗೆ ಹೋಗಿ ಬರ್ತೇನಿ" ಎಂದಿದ್ದರು. ನಾನು ಸಿಡುಕಿದ್ದೆ: "ಇದ ಊರು. ಅದು ನೌಕರಿ ಮಾಡಿದ ಊರು." ತಪ್ಪು ಮಾಡಿದವರಂತೆ ಮುಖ ಮಾಡಿ, ಹೌದ ಹೌದ ಎಂದಿದ್ದರು. ಆ ಮುಖ ನನಗೆ ಬೇಡವಾಗಿತ್ತು.

ಇಂದು ಬೆಳಿಗ್ಗೆ ಮತ್ತೆ ಹೊರಟರು. ಚಪ್ಪಲಿ ಮೆಟ್ಟುತ್ತ ಊರಿಗೆ ಹೋಗಿ ಬರ್ತೇನಿ ಎಂಬ ಅದೇ ಮಾತು ಬಾಯಿಗೆ ಬಂತು. ಬಂದದ್ದು ಅವರಿಗೇ ತಿಳಿಯಲಿಲ್ಲ. ನಾನು ರೊಟ್ಟಿ, ಶೇಂಗಾ ಚಟ್ನಿ ಕಟ್ಟಿದ ಗಂಟು ಕೈಗೆ ಕೊಟ್ಟು, "ಊರಿಂದ ಯಾವಾಗ ಬರ್ತೀರಿ?" ಎಂದು ಕೇಳಿದೆ.

"ನೋಡ್ತೇನಿ" ಎಂದರು. ಗೇಟು ದಾಟಿ, ತಿರುಗಿ, ನಾನು ಬಾಗಿಲಲ್ಲಿ ನಿಂತಿದ್ದನ್ನು ಕಂಡು, ಬೀಗರ ಮನೆಯಿಂದ ಹೊರಡುವವರಂತೆ ಎರಡೂ ಕೈ ಜೋಡಿಸಲು ಎತ್ತಿ, ಅರ್ಧಕ್ಕೇ ಇಳಿಸಿ, ಬಸ್‌ಸ್ಟ್ಯಾಂಡಿನ ಕಡೆ ನಡೆದರು.