ಮೊಳಕಾಲ್ಮುರಿನಲ್ಲಿ ಬಿಟ್ಟ ಇಂಟರ್ವಲ್

ಈಚೆಗೊಮ್ಮೆ ಚಳ್ಳಕೆರೆಯ ಬಸ್ ನಿಲ್ದಾಣದಿಂದ ಬಿ.ಜಿ. ಕೆರೆಯ ತನಕ ನನ್ನ ಮುಂದಿನ ಸೀಟಿನ ಹೆಂಗಸು ಫೋನಿನಲ್ಲಿ ಆಡಿದ ಮಾತು ಒಂದೇ: ಹೂಂ. ಮೊದಮೊದಲು ಅದು ಆಕಳಿಕೆ ಬೆರೆತ ಹೂಂ. ಸ್ವಲ್ಪ ಹೊತ್ತಿನಲ್ಲಿ ಬಾಲ ಎತ್ತಿದ ಹೂಂ. ಆಮೇಲೆ ಸೆರಗನ್ನು ಬಾಯಿಗೆ ಅಡ್ಡ ಹಿಡಿದು ಕಂಡಕ್ಟರಿಗೂ ಕೇಳಿಸದಂತೆ ಆಡಿದ ಗುಟ್ಟಿನ ಹೂಂ. ಆಕೆ ಇಳಿದುಹೋಗುವಷ್ಟರಲ್ಲಿ ಕಥೆ ಏನೆಂದು ನನಗೆ ತಿಳಿಯದಿದ್ದರೂ ಆ ಕಥೆಯ ಆರೋಹಣ ಅವರೋಹಣಗಳೆಲ್ಲ ಕರಗತವಾಗಿದ್ದವು. ನಮ್ಮ ಕಡೆ ಹೀಗೆಯೇ. ಹೂಂಗುಟ್ಟುವವರಿಲ್ಲದೆ ಇಲ್ಲಿ ಯಾರೂ ಏನನ್ನೂ ಹೇಳುವುದಿಲ್ಲ. ಎದುರಿನವನು ಸುಮ್ಮನೆ ಕೂತರೆ ಹೇಳುವವನು ಅರ್ಧಕ್ಕೇ ನಿಲ್ಲಿಸಿ, 'ಹೂಂ ಅನ್ನಲೇ, ಗೋಡೆಗೆ ಹೇಳ್ತಿದೀನಾ?' ಎಂದು ರೇಗುತ್ತಾನೆ. ಈ ಏಕಾಕ್ಷರಿಯ ಮಹಿಮೆಯನ್ನು ಕುರಿತು ನಿಮಗೆ ಹೇಳಬೇಕೆಂದು ಕೂತಿದ್ದೇನೆ, ಆದರೆ ಹೇಳುವುದಕ್ಕೆ ನಾಚಿಕೆಯಾಗುತ್ತದೆ.

ನನಗೆ ಹೂಂಗುಟ್ಟುತ್ತಿದ್ದವಳು ಶಾಹಿನಾ, ನನ್ನ ಅಕ್ಕನ ಮಗಳು. ಅವಳ ಅಪ್ಪ ಲಾರಿ ಮೆಕ್ಯಾನಿಕ್, ಮಾತಿನ ವಿಷಯದಲ್ಲಿ ಪರಮ ಜಿಪುಣ. ಆದ್ದರಿಂದ ಹುಡುಗಿ ಮಾತು ಕೇಳಬೇಕಾದರೆ ನನ್ನ ಅಂಗಡಿಗೇ ಬರಬೇಕಾಗಿತ್ತು. ನನ್ನದು ಬೇರಿಂಗು, ಫ್ಯಾನ್ ಬೆಲ್ಟು, ಎಣ್ಣೆ ಗಿರಣಿಯ ಬಿಡಿಭಾಗಗಳ ವ್ಯಾಪಾರ. ಅಂಚೆಯ ಮೂಲಕ ಕನ್ನಡ ಎಂ.ಎ. ಮಾಡಿಕೊಂಡ ನನಗೆ ಗಿರಾಕಿಗಳಿಗಿಂತ ಶ್ರೋತೃಗಳ ಹಸಿವೇ ಹೆಚ್ಚು. ಮನೆಯಲ್ಲಿ ನಮ್ಮದು ಉರ್ದು. ಆದರೆ ಕಥೆ ಹೇಳುವಾಗ ಮಾತ್ರ ನನಗೂ ಅವಳಿಗೂ ಕನ್ನಡವೇ. ಶಾಲೆ ಬಿಟ್ಟ ಮೇಲೆ ಗ್ರೀಸ್ ಡಬ್ಬದ ಮೇಲೆ ಕೂತು ಕಾಲು ಆಡಿಸುತ್ತ ಅವಳು ಹೂಂ ಎನ್ನುತ್ತಿದ್ದರೆ, ಹೇಳುತ್ತಿರುವ ಕಥೆ ನನಗೇ ಗೊತ್ತಿಲ್ಲದಿದ್ದರೂ ಅದು ತಾನಾಗಿ ಮುಂದಕ್ಕೆ ಸಾಗುತ್ತಿತ್ತು. ಅವಳು ದೊಡ್ಡವಳಾಗಿ ಊರಿನ ಒಂದು ಶಾಲೆಯಲ್ಲಿ ಟೀಚರಾದ ಮೇಲೂ ಸಂಜೆ ಅಂಗಡಿಗೆ ಬಂದು, 'ಮಾಮು, ಏನಾದ್ರೂ ಹೇಳು' ಎಂದು ಅದೇ ಡಬ್ಬದ ಮೇಲೆ ಕೂರುತ್ತಿದ್ದಳು.

ಇಂಥ ಶ್ರೋತೃ ಇದ್ದವನು ಸುಮ್ಮನಿರಬಹುದಿತ್ತು. ಆದರೆ ಸಿನಿಮಾಕ್ಕೊಂದು ಚಿತ್ರಕಥೆ ಬರೆಯಬೇಕೆಂಬ ಹುಚ್ಚು ನನ್ನನ್ನು ಹಿಡಿಯಿತು. ಕಥಾವಸ್ತು ಸಿದ್ಧವಾಗಿತ್ತು: ನಮ್ಮೂರ ಬಳಿಯ ಹುಲ್ಲುಗಾವಲು ವರವು ಕಾವಲಿನಲ್ಲಿ ಬೇಲಿಯ ಆಚೆಗೆ ನುಸುಳಿಹೋದ ಒಂದು ಕುರಿ, ಈಚೆಗೆ ನಿಂತ ಒಬ್ಬ ಕುರಿಗಾಹಿ. ಇಷ್ಟು ಇದ್ದಮೇಲೆ ಬರೆಯುವುದು ಬಿಟ್ಟು ನಾನು ಮಾಡಿದ ಕೆಲಸವೆಂದರೆ, ಚಿತ್ರಕಥೆ ಬರೆಯುವುದು ಹೇಗೆಂದು ಕಲಿಸುವ ಪುಸ್ತಕಗಳನ್ನು ಒಂದರ ಹಿಂದೊಂದು ತರಿಸಿದ್ದು. ಅವುಗಳ ಲೇಖಕರೆಲ್ಲ ಮಹಾ ಶಿಸ್ತಿನವರು. ನಾಯಕನಿಗೆ ಏನು ಬೇಕೆಂಬುದು ಇಂಥ ಪುಟದೊಳಗೆ ತಿಳಿಯಬೇಕು, ಇಂಥ ಪುಟದಲ್ಲಿ ಅವನ ದಾರಿ ತಿರುಗಬೇಕು, ನಡುವೆ ಅವನು ಎಲ್ಲವನ್ನೂ ಕಳೆದುಕೊಳ್ಳಬೇಕು. ಹೇಳಬೇಡಿ, ತೋರಿಸಿ. ಕುತೂಹಲದ ನೆತ್ತಿಯಲ್ಲಿ ಕತ್ತರಿಸಿ ಇಂಟರ್ವಲ್ ಬಿಡಿ. ಎಲ್ಲಕ್ಕಿಂತ ಮುಖ್ಯವಾಗಿ, ದೋಷವಿಲ್ಲದ ನಾಯಕನನ್ನು ಯಾರೂ ಪ್ರೀತಿಸುವುದಿಲ್ಲ, ದೋಷ ಇಲ್ಲದಿದ್ದರೆ ಒಂದನ್ನು ಕೊಡಿ. ಈ ವಿಧಿನಿಷೇಧಗಳನ್ನೆಲ್ಲ ಕೆಂಪು ಶಾಯಿಯಲ್ಲಿ ಗೆರೆ ಎಳೆದು ಕಂಠಸ್ಥ ಮಾಡಿಕೊಂಡೆ. ಕುರಿ ಮಾತ್ರ ಮೊದಲನೆಯ ದೃಶ್ಯದಲ್ಲಿ ಇಂದಿಗೂ ಮೇಯುತ್ತಲೇ ಇದೆ.

ಬರೆಯಲಾಗದ ವಿದ್ಯೆ ಬಾಯಿಗೆ ಇಳಿಯಿತು. ಹೆಂಡತಿ ಈರುಳ್ಳಿ ತರಲು ಹೇಳಿದರೆ, ಅವಳ ಮೇಲ್ನೋಟದ ಬಯಕೆ ಈರುಳ್ಳಿ, ಅಂತರಂಗದ ಅಗತ್ಯ ಬೇರೆಯೇ ಇರಬೇಕೆಂದು ಯೋಚಿಸುತ್ತ ಬರಿಗೈಯಲ್ಲಿ ಮನೆಗೆ ಬರುತ್ತಿದ್ದೆ. ಪಕ್ಕದ ಅಂಗಡಿಯವನು ತನ್ನ ಮಂಡಿನೋವು ಹೇಳಿಕೊಂಡರೆ, 'ಅದನ್ನು ಕೊನೆಗೆ ಹೇಳಬೇಕಿತ್ತು' ಎಂದು ತಿದ್ದುತ್ತಿದ್ದೆ. 'ನಿಮ್ಮ ಹತ್ರ ಹುಷಾರಿಲ್ಲ ಅನ್ನೋಕೂ ಭಯ ಆಗ್ತೈತೆ' ಎಂದು ಅವನು ಗೊಣಗಿದ್ದನ್ನು ನಾನು ಪ್ರಶಂಸೆಯೆಂದೇ ಸ್ವೀಕರಿಸಿದೆ. ಮಂದಮತಿಗೆ ಮಾನದಂಡ ಸಿಕ್ಕರೆ ಹೀಗೇ ಆಗುವುದು.

ಅಷ್ಟರಲ್ಲಿ ಶಾಹಿನಾಳಿಗೆ ಮೊಳಕಾಲ್ಮುರಿನಿಂದ ಸಂಬಂಧ ಬಂತು. ರೇಷ್ಮೆ ಸೀರೆ ವ್ಯಾಪಾರದ ಮನೆ, ಒಳ್ಳೆಯ ಹುಡುಗ. ಅವರು ಚಳ್ಳಕೆರೆಗೆ ಬಂದು ಹುಡುಗಿಯನ್ನು ನೋಡಿ ಒಪ್ಪಿಕೊಂಡು ಹೋದರು. ಅಲ್ಲಿಯವರೆಗೆ ಬಂದ ಸಂಬಂಧಗಳನ್ನೆಲ್ಲ ಕಣ್ಣಿನಲ್ಲೇ ತಳ್ಳಿಹಾಕಿದ್ದ ಶಾಹಿನಾ ಈ ಸಲ ತಾಯಿಯ ಬಳಿ, 'ನಾನು ಸ್ಕೂಲಿನ ವಿಷಯ ಹೇಳ್ತಿದ್ದಾಗ ಆತ ಮಧ್ಯ ಬಾಯಿ ಹಾಕಲಿಲ್ಲಮ್ಮಾ, ಪೂರ್ತಿ ಕೇಳಿದ' ಎಂದಳಂತೆ. ಬಾಲ್ಯವಿಡೀ ನನ್ನನ್ನು ಕೇಳಿಸಿಕೊಂಡೇ ಬೆಳೆದ ಹುಡುಗಿಗೆ ತನ್ನನ್ನು ಕೇಳುವವನೊಬ್ಬ ಸಿಕ್ಕಿದ್ದ. ಇನ್ನುಳಿದಿದ್ದು ನಾವು ಹೋಗಿ ಅವರ ಮನೆ ನೋಡಿ, ಚಹಾ ಕುಡಿದು, ದಿನ ಗೊತ್ತು ಮಾಡಿಕೊಂಡು ಬರುವುದಷ್ಟೆ. ಹುಡುಗಿಯ ಕಡೆಯಿಂದ ನಾಲ್ಕು ಮಾತಾಡಲು ಯಾರಾದರೂ ಬೇಕಲ್ಲ. ಭಾವನ ಸಂಗತಿ ಗೊತ್ತೇ ಇದೆ. ವಾಗ್ಮಿಯೆಂದು ನನ್ನನ್ನು ಕರೆದೊಯ್ದರು.

ಮೊಳಕಾಲ್ಮುರು ಆಂಧ್ರದ ಗಡಿಯ ಊರು. ಆ ಮನೆಯಲ್ಲಿ ಉರ್ದು, ತೆಲುಗು, ಕನ್ನಡಗಳು ಒಂದೇ ವಾಕ್ಯದಲ್ಲಿ ಒತ್ತಿಕೊಂಡು ಕೂರುತ್ತಿದ್ದವು. ಅಕ್ಕನನ್ನು ಹೆಂಗಸರು ಅಡುಗೆಮನೆ, ಮಾಳಿಗೆ ತೋರಿಸಲು ಒಳಗೆ ಕರೆದುಕೊಂಡು ಹೋದರು. ಭಾವನನ್ನು ಹುಡುಗ ತಮ್ಮ ವ್ಯಾನಿನ ಇಂಜಿನ್ ಯಾಕೋ ಸದ್ದು ಮಾಡುತ್ತಿದೆಯೆಂದು ಹೊರಗೆ ಕರೆದೊಯ್ದ. ನಡುಮನೆಯಲ್ಲಿ ಉಳಿದವರು ನಾನು, ಹುಡುಗನ ಅಪ್ಪ, ಮತ್ತು ಆ ಮನೆಯ ಸುಪ್ರೀಂ ಕೋರ್ಟಿನಂತಿದ್ದ ಹುಡುಗನ ಅಜ್ಜಿ. 'ಕನ್ನಡದಾಗೆ ಚೆಂದ ಮಾತಾಡ್ತೀರಂತಲ್ರಿ. ನಮ್ಮ ಹುಡುಗಿ ಬಗ್ಗೆ ನಾಲ್ಕು ಮಾತು ಹೇಳ್ರಿ' ಎಂದರು ಅಜ್ಜಿ. ನಮ್ಮ ಹುಡುಗಿ, ಎಂದಿದ್ದರು. ಅಂದರೆ ತೀರ್ಪು ಆಗಲೇ ಬರೆದಾಗಿತ್ತು.

ಹುಡುಗಿ ಒಳ್ಳೆಯವಳು, ಓದಿದ್ದಾಳೆ, ದೊಡ್ಡವರಿಗೆ ಮರ್ಯಾದೆ ಕೊಡುತ್ತಾಳೆ ಎಂದೆ. ಅಜ್ಜಿ ಹೂಂ ಎಂದರು, ಆಕಳಿಕೆ ಬೆರೆತ ಹೂಂ. ಅದು ನನಗೆ ಚುಚ್ಚಿತು. ದೋಷವಿಲ್ಲದ ನಾಯಕಿ, ಪ್ರೇಕ್ಷಕರಿಗೆ ನಿದ್ದೆ! ಶಾಹಿನಾಳಲ್ಲಿ ದೋಷ ಹುಡುಕಿದೆ, ಒಂದೂ ಸಿಗಲಿಲ್ಲ. ಇಲ್ಲದಿದ್ದರೆ ಒಂದನ್ನು ಕೊಡಿ ಎಂದಿತ್ತಲ್ಲ, ಕೊಟ್ಟೆ. 'ಚಿಕ್ಕವಳಿದ್ದಾಗ ಅವಳಿಗೆ ನಿದ್ದೆಯಲ್ಲಿ ಎದ್ದು ನಡೆಯುವ ಅಭ್ಯಾಸ ಇತ್ತು' ಎಂದುಬಿಟ್ಟೆ. ಅಜ್ಜಿಯ ಹೂಂ ಬಾಲ ಎತ್ತಿತು. ನನಗಿನ್ನೇನು ಬೇಕು? ಹೇಳಬೇಡಿ, ತೋರಿಸಿ: ಬಿಳಿ ಫ್ರಾಕು ತೊಟ್ಟ ಮಗು ಕಣ್ಣು ಮುಚ್ಚಿಕೊಂಡೇ ಬೀದಿಗೆ ಇಳಿದಳು. ಹೂಂ. ನಾವೆಲ್ಲ ಹುಡುಕುತ್ತ ಹೋದೆವು. ಹೂಂ. ದೃಶ್ಯಸೌಂದರ್ಯಕ್ಕೊಂದು ಸ್ಥಳ ಬೇಕಾಗಿತ್ತು. ನಮ್ಮ ಕಬರಸ್ತಾನದ ಪಕ್ಕದ ಹುಣಸೆಮರ ತಟ್ಟನೆ ಒದಗಿಬಂತು. ಮಗು ಅದರ ಕೆಳಗೆ ಒಬ್ಬಳೇ ನಿಂತಿದ್ದಾಳೆ, ಮರದ ಕಡೆ ಮುಖ ಮಾಡಿ. ಅಜ್ಜಿಯ ಹೂಂ ಈಗ ಇಷ್ಟು ಸಣ್ಣಗಾಗಿತ್ತು. ಹುಡುಗನ ಅಪ್ಪನ ಕೈಯ ಲೋಟ ತುಟಿಗೆ ಹೋಗದೆ ಅರ್ಧದಲ್ಲೇ ನಿಂತಿತ್ತು. ರಸಾನುಭವವೆಂದರೆ ಇದೇ ಎಂದು ನನಗೆ ರೋಮಾಂಚನವಾಯಿತು. ಕುತೂಹಲದ ನೆತ್ತಿಯಲ್ಲಿ ಕತ್ತರಿಸಿದೆ. ಅದೇ ಗಳಿಗೆಗೆ ಸಂಜೆಯ ಆಜಾನ್ ಕೂಗಿತು. ಅಜ್ಜಿ ಸೆರಗು ತಲೆಗೆಳೆದುಕೊಂಡು ಎದ್ದರು.

ಮಿಕ್ಕ ಕಥೆ ಬಹಳ ಚೆನ್ನಾಗಿತ್ತು ಸ್ವಾಮಿ. ಮಗು ಎಚ್ಚರಗೊಂಡು ಅಳದೆ, ಹುಡುಕಲು ಬಂದ ನಮಗೇ ಧೈರ್ಯ ಹೇಳಿ ಮನೆಗೆ ಕರೆತರುತ್ತಿತ್ತು, ಅಂದಿನಿಂದ ಆ ಅಭ್ಯಾಸ ತಾನಾಗಿ ಬಿಟ್ಟುಹೋಗುತ್ತಿತ್ತು. ಆದರೆ ನಮಾಜು ಮುಗಿಸಿ ಬರುವಷ್ಟರಲ್ಲಿ ಬಸ್ಸಿನ ಹೊತ್ತಾಯಿತೆಂದು ಅಕ್ಕ ಅವಸರ ಮಾಡಿದಳು. ದಿನ ಗೊತ್ತುಮಾಡುವ ಮಾತನ್ನು ಅವರು ಎತ್ತಲಿಲ್ಲ; ನನಗದು ಗಮನಕ್ಕೂ ಬರಲಿಲ್ಲ. ಬಾಗಿಲಲ್ಲಿ ಅಜ್ಜಿಗೆ ಕೈಯೆತ್ತಿ ಸಲಾಂ ಹೇಳಿ, ನಗುನಗುತ್ತ, 'ಮಿಕ್ಕಿದ್ದು ಮದುವೆ ಆದಮೇಲೆ ಗೊತ್ತಾಗುತ್ತೆ' ಎಂದು ಸೇರಿಸಿದವನೂ ನಾನೇ. ಈ ವಾಕ್ಯ ನೆನಪಾದಾಗಲೆಲ್ಲ ಇವತ್ತಿಗೂ ಅಂಗಡಿಯಲ್ಲಿ ಒಬ್ಬನೇ ಇದ್ದರೂ ತಲೆ ತಗ್ಗಿಸುತ್ತೇನೆ.

ಕೆಲವು ದಿನ ಫೋನು ಬರಲಿಲ್ಲ. ಆಮೇಲೆ ಅಕ್ಕನ ಪರಿಚಯದ ಹೆಂಗಸೊಬ್ಬಳು ಮೊಳಕಾಲ್ಮುರಿನಿಂದ ಬಂದವಳು, ಹುಡುಗಿಯ ಮೇಲೆ ಏನೋ ಸಾಯಾ ಇದೆಯಂತೆ, ಹುಣಸೆಮರದ್ದಂತೆ, ಚಿಕ್ಕಂದಿನಿಂದಲೂ ಇದೆಯಂತೆ, ಒಂದು ತಾಯಿತ ಕಟ್ಟಿಸಬಾರದೇ ಎಂದು ಕಾಳಜಿಯಿಂದ ಕೇಳಿದಳು. ಸಾಯಾ ಎಂದರೆ ನೆರಳು. ನಮ್ಮಲ್ಲಿ ಅದು ಗಾಳಿ, ಜಿನ್ನು ಮೆಟ್ಟಿಕೊಂಡಿದ್ದಕ್ಕೆ ಹೇಳುವ ಮಾತು. ಅಜ್ಜಿಯ ಹೂಂ ಸಣ್ಣಗಾದದ್ದು ರಸಾವೇಶದಿಂದಲ್ಲ, ಹೆದರಿಕೆಯಿಂದ ಎಂದು ನನಗೆ ಆಗ ಹೊಳೆಯಿತು. ಅಕ್ಕ ಬಾಯಿಗೆ ಬಂದಂತೆ ಬೈದಳು. ಭಾವ ನನ್ನನ್ನು ನೋಡಿ ಕೈಯ ಗ್ರೀಸು ಒರೆಸಿಕೊಳ್ಳುತ್ತಲೇ ಇದ್ದರು. ಬೈಗುಳವನ್ನಾದರೂ ತಡೆದುಕೊಂಡೆ. ಸಂಜೆ ಶಾಹಿನಾ ಅಂಗಡಿಗೆ ಬಂದಳು, ಡಬ್ಬದ ಮೇಲೆ ಕೂರಲಿಲ್ಲ. 'ಮಾಮು, ನಾನು ಯಾವತ್ತು ನಡೆದಿದ್ದೆ?' ಎಂದಳು.

ನಡೆದಿರಲಿಲ್ಲ ಎಂದೆ. ಅವಳು ಹೂಂ ಅನ್ನಲಿಲ್ಲ. ಹೊರಟುಹೋದಳು.

ಮರುದಿನವೇ ಒಬ್ಬನೇ ಮೊಳಕಾಲ್ಮುರಿನ ಬಸ್ಸು ಹತ್ತಿದೆ. ಕಿಟಕಿಯಾಚೆ ಹಂಗಾಮು ಮುಗಿದ ಶೇಂಗಾ ಹೊಲಗಳು ಬೋಳಾಗಿ ಬಿದ್ದಿದ್ದವು. ಹೇಳಬೇಕಾದದ್ದು ಇಷ್ಟೇ: ನಾನು ಹೇಳಿದ್ದು ಸುಳ್ಳು. ಆದರೆ ಅದನ್ನು ಎಲ್ಲಿಂದ ಆರಂಭಿಸಲಿ, ಅಜ್ಜಿಯ ಕಾಲು ಮುಟ್ಟುವುದು ಮೊದಲೋ ನಡುವೆಯೋ, ಗಂಟಲು ಎಲ್ಲಿ ಗದ್ಗದವಾಗಬೇಕು ಎಂದೆಲ್ಲ ಮನಸ್ಸು ಸಾಲು ಸಾಲಾಗಿ ಜೋಡಿಸತೊಡಗಿತು. ಬಿ.ಜಿ. ಕೆರೆಯಲ್ಲಿ ಬಸ್ಸು ನಿಂತಾಗ ನನ್ನ ಕಣ್ಣಲ್ಲಿ ನೀರು ಬಂದಿತ್ತು, ಜೊತೆಗೆ ಆ ನೀರನ್ನು ಅಲ್ಲಿಯ ತನಕ ಉಳಿಸಿಕೊಳ್ಳಬೇಕೆಂಬ ಯೋಚನೆಯೂ ಬಂದಿತ್ತು. ನನ್ನ ಮೇಲೆ ನನಗೆ ಅಷ್ಟು ಅಸಹ್ಯ ಹಿಂದೆಂದೂ ಆಗಿರಲಿಲ್ಲ.

ಅಜ್ಜಿ ಅದೇ ಜಾಗದಲ್ಲಿ ಕೂತಿದ್ದರು. ನಾನು ಹೇಳಿದೆ. ಅವರು ಒಂದು ಸಲವೂ ಹೂಂ ಅನ್ನಲಿಲ್ಲ. ಹೂಂ ಇಲ್ಲದ ಮಾತು ಎಷ್ಟು ಬೇಗ ಮುಗಿದುಹೋಗುತ್ತದೆ ಎಂದು ಆಗ ತಿಳಿಯಿತು. 'ಯಾಕೆ ಹಂಗೆ ಹೇಳಿದ್ರಿ?' ಎಂದು ಕೇಳಿದರು. ಪುಸ್ತಕಗಳ ಸಂಗತಿಯನ್ನು ಬಾಯಿಬಿಟ್ಟು ಹೇಳಲೇಬೇಕಾಯಿತು. ಹೆಣ್ಣುಮಗಳ ಮೇಲೆ ಇಲ್ಲದ್ದನ್ನು ಹೊರಿಸಿದ್ದಕ್ಕೆ ಕಾರಣ ಪುಸ್ತಕ ಎಂದು ಹೇಳುವಾಗ, ನರೆತ ಗಡ್ಡದ ಗಂಡಸೊಬ್ಬ ಕುಗ್ಗಬಹುದಾದಷ್ಟೂ ಕುಗ್ಗಿದೆ. ಅಜ್ಜಿ ಗದರಲಿಲ್ಲ. ನನ್ನ ಮುಖವನ್ನೇ ನೋಡುತ್ತ ನಿಧಾನವಾಗಿ ಕೇಳಿದರು:

'ಈಗ ಹೇಳ್ತಿರೋದೂ ಪುಸ್ತಕದಾಗೆ ಐತಾ?'

ಇತ್ತು. ಕೊನೆಯ ಭಾಗದಲ್ಲಿ ನಾಯಕ ಮರಳಿ ಬಂದು ತಪ್ಪೊಪ್ಪಿಕೊಳ್ಳುವ ಅಧ್ಯಾಯವೇ ಇತ್ತು, ಅದಕ್ಕೂ ಕೆಂಪು ಗೆರೆ ಎಳೆದಿದ್ದೆ. ಹೌದೆಂದು ತಲೆಯಾಡಿಸಿದೆ. ಅಜ್ಜಿ ನಿಟ್ಟುಸಿರು ಬಿಟ್ಟರು. 'ಅವತ್ತೂ ನಾನು ನಿಮ್ಮನ್ನ ನಂಬಿದ್ದೆರಿ. ನೀವು ಇದ್ದಿದ್ದು ಹೇಳಾಕೆ ಬಂದೀರೋ, ಮುಚ್ಚಾಕೆ ಬಂದೀರೋ, ನನಗೆ ಹೆಂಗೆ ಗೊತ್ತಾಗಬೇಕು? ಚಹಾ ಕುಡಿದು ಹೋಗ್ರಿ' ಎಂದರು. ಚಹಾ ಕುಡಿದೆ. ರಂಜಾನ್ ಕಳೆದ ಮೇಲೆ ಆ ಹುಡುಗನಿಗೆ ಬೇರೆ ಕಡೆ ನಿಕಾಹ್ ಆಯಿತು.

ಪುಸ್ತಕಗಳು ಈಗಲೂ ಮನೆಯಲ್ಲಿವೆ. ಅವುಗಳ ತಪ್ಪೇನೂ ಇಲ್ಲ. ಪರದೆಯ ಮೇಲಿನ ಮನುಷ್ಯರಿಗೆಂದು ಬರೆದದ್ದನ್ನು ಚಳ್ಳಕೆರೆಯ ಹುಡುಗಿಗೆ ತೊಡಿಸಿದವನು ನಾನು. ಇನ್ನೊಂದು ಮಾತನ್ನೂ ಹೇಳಿಬಿಡುತ್ತೇನೆ: ಈ ಪ್ರಬಂಧದಲ್ಲೂ ಅಜ್ಜಿಯ ಪ್ರಶ್ನೆಯನ್ನು ಒಂಟಿ ಸಾಲಿನಲ್ಲಿ ನಿಲ್ಲಿಸಿ ನಿಮ್ಮ ಉಸಿರು ಹಿಡಿಸಲು ನೋಡಿದೆನಲ್ಲ, ಅದೂ ಅಲ್ಲಿ ಕಲಿತದ್ದೇ. ಚಟ ಬಿಡುವುದು ಕಷ್ಟ.

ಶಾಹಿನಾ ಬಹಳ ದಿನ ಬರಲಿಲ್ಲ. ಕಡೆಗೊಂದು ಸಂಜೆ ಬಂದು, ಏನೂ ಆಗದವಳಂತೆ ಗ್ರೀಸ್ ಡಬ್ಬದ ಮೇಲೆ ಕೂತಳು. 'ಮಾಮು, ಏನಾದ್ರೂ ಹೇಳು' ಎನ್ನಲಿಲ್ಲ. ನಾನೇ ಹೆದರುತ್ತ ಹೆದರುತ್ತ ಬಸ್ಸಿನ ಆ ಹೆಂಗಸಿನ ವಿಷಯ ಆರಂಭಿಸಿದೆ. ಚಳ್ಳಕೆರೆಯಲ್ಲಿ ಹತ್ತಿದಳು ಎಂದೆ. ಕಾದೆ. ಬಿ.ಜಿ. ಕೆರೆಯ ತನಕ ಫೋನಿನಲ್ಲಿ ಹೂಂ ಅಂತಲೇ ಇದ್ದಳು ಎಂದೆ. ಮತ್ತೆ ಕಾದೆ. ನನ್ನ ಮುಖವನ್ನು ಅಳೆಯುವಂತೆ ನೋಡಿ, ತುಸು ತಡವಾಗಿ ಅವಳು ಅಂದಳು: 'ಹೂಂ.'

ಹೂಂ ಮರಳಿ ಬಂದಿದೆ, ಆದರೆ ಈಗ ಅದು ಯಾವಾಗಲೂ ತುಸು ತಡವಾಗಿಯೇ ಬರುತ್ತದೆ. ನನ್ನ ವಾಕ್ಯಕ್ಕೂ ಅವಳ ಹೂಂಗೂ ನಡುವೆ ಉಳಿಯುವ ಆ ಖಾಲಿಯಲ್ಲಿ, ಆಡಿದ ಮಾತನ್ನು ಹಿಂದಕ್ಕೆಳೆದುಕೊಂಡು ನಿಜವೋ ಅಲ್ಲವೋ ಎಂದು ನೋಡಿಕೊಳ್ಳುತ್ತೇನೆ. ಮೊನ್ನೆ ಹಾಗೆ ನೋಡಿಕೊಂಡಾಗ ಒಂದು ಸುಳ್ಳು ಸಿಕ್ಕಿತು. ಬಸ್ಸಿನ ಹೆಂಗಸು ಸೆರಗನ್ನು ಬಾಯಿಗೆ ಅಡ್ಡ ಹಿಡಿದಿರಲಿಲ್ಲ, ಅದು ನಾನು ಸೇರಿಸಿದ್ದು. ಶಾಹಿನಾಳಿಗೆ ಹಾಗೆಂದೇ ಹೇಳಿದೆ. ಆಗ ಮಾತ್ರ ಹೂಂ ತಡವಾಗಲಿಲ್ಲ.