ಬಾಳೆನಾರು ಹಿಡಿದು ಹೂ ನೋಡಲು ಹೋದದ್ದು

ಕಲ್ಕತ್ತಕ್ಕೆ ಬಂದು ಎರಡು ವರ್ಷವಾದರೂ ನಮ್ಮತ್ತೆಗೆ ಬರುತ್ತಿದ್ದ ಬಂಗಾಳಿ ಒಂದೇ ಮಾತು: "ಚೋಲ್‌ಬೆ ನಾ." ನಡೆಯುವುದಿಲ್ಲ, ಆಗುವುದಿಲ್ಲ ಎಂದು ಅರ್ಥ. ಜಾದವ್‌ಪುರದಲ್ಲಿ ನಮ್ಮ ಬಾಡಿಗೆ ಮನೆಯ ಕೆಳಗಿನ ರಸ್ತೆಯಲ್ಲಿ ವಾರಕ್ಕೊಂದಾದರೂ ಕೆಂಪು ಬಾವುಟದ ಮೆರವಣಿಗೆ ಈ ಮಾತನ್ನು ಕೂಗಿಕೊಂಡು ಹೋಗುತ್ತಿತ್ತು. ಸರ್ಕಾರವೂ ಕೆಂಪು ಬಾವುಟದವರದೇ, ಮೆರವಣಿಗೆಯೂ ಅವರದೇ. ಮತ್ತೆ ಇವರು ಬೇಡ ಅನ್ನುತ್ತಿರುವುದು ಯಾರಿಗೆ ಎಂದು ನಾನು ತಲೆ ಕೆಡಿಸಿಕೊಳ್ಳುತ್ತಿದ್ದೆ. ಅತ್ತೆಗೆ ಆ ಗೊಡವೆಯೇ ಇರಲಿಲ್ಲ. ಕಿಟಕಿಯಲ್ಲಿ ನಿಂತು ಮಾತು ಕಲಿತರು, ಮಾರನೆಯ ದಿನದಿಂದಲೇ ಬಳಸಿದರು. ನೀರು ಬೆರೆಸಿದ ಹಾಲಿನವನಿಗೆ ಚೋಲ್‌ಬೆ ನಾ. ಬಾಡಿದ ಬಸಳೆ ತಂದವನಿಗೆ ಚೋಲ್‌ಬೆ ನಾ. ಊಟದ ಹೊತ್ತಿಗೆ ಕರೆಂಟು ಹೋದರೆ, ನಿಂತುಹೋದ ಫ್ಯಾನಿಗೂ ಅದೇ.

ನನ್ನ ಗಂಡನಿಗೂ ಒಮ್ಮೆ ಅದೇ ಉತ್ತರ ಸಿಕ್ಕಿತ್ತು. ಅತ್ತೆ ಉಡುಪಿಯ ಕಡೆಯವರು. ಅವರ ಕೇರಿಯಲ್ಲಿ ಹೂ ಕಟ್ಟುವುದರಲ್ಲಿ ಅವರನ್ನು ಮೀರಿಸಿದವರಿಲ್ಲ, ಮುಡಿಯುವುದರಲ್ಲೂ ಇಲ್ಲ. ಮಲ್ಲಿಗೆಯೋ ಅಬ್ಬಲಿಗೆಯೋ ತುರುಬಿನಲ್ಲಿ ಇಲ್ಲದೆ ಅಂಗಳಕ್ಕೂ ಇಳಿದವರಲ್ಲವಂತೆ. ಮಾವ ತೀರಿಹೋದ ಮೇಲೆ ಮುಡಿಯುವುದನ್ನು ಬಿಟ್ಟರು. ಬಿಡು ಎಂದು ಯಾರೂ ಹೇಳಿರಲಿಲ್ಲ. ಹೇಳುವ ಮೊದಲೇ ತಾವೇ ಬಿಟ್ಟರೆ ಮರ್ಯಾದೆ ಎಂದುಕೊಂಡರೋ ಏನೋ. ದೇವರಿಗೆ ಮಾತ್ರ ದಿನಾ ಕಟ್ಟುತ್ತಿದ್ದರು. ನಮ್ಮ ಜೊತೆ ಕಲ್ಕತ್ತಕ್ಕೆ ಬಂದ ಹೊಸತರಲ್ಲಿ ಒಂದು ಸಂಜೆ ನನ್ನ ಗಂಡ ಬ್ಯಾಂಕಿನಿಂದ ಬರುವಾಗ ಗಡಿಯಾಹಾಟ್ ಮಾರ್ಕೆಟ್ಟಿನಿಂದ ಎರಡು ತುಂಡು ಮಲ್ಲಿಗೆ ತಂದರು. ಒಂದು ನನಗೆ, ಇನ್ನೊಂದು ಅಮ್ಮನಿಗೆ. ಅತ್ತೆ "ಚೋಲ್‌ಬೆ ನಾ" ಎಂದವರೇ ಅದನ್ನು ದೇವರ ಪಟಕ್ಕೆ ಹಾಕಿ, ತಮ್ಮ ಕೋಣೆ ಸೇರಿದರು. ಮರುದಿನ ಇಡೀ ಮಗನ ಹತ್ತಿರ ಮಾತಿಲ್ಲ. ಬ್ಯಾಂಕಿನಲ್ಲಿ ಯೂನಿಯನ್ನಿನವರ ಎದುರು ನಿಂತು ವಾದ ಮಾಡುವ ಮನುಷ್ಯ ಮತ್ತೆ ಮನೆಯಲ್ಲಿ ಹೂವಿನ ಸುದ್ದಿಯೇ ಎತ್ತಲಿಲ್ಲ.

ಅಲ್ಲಿಗೆ ನನ್ನ ಮುಡಿಯೂ ಬರಿದಾಯಿತು. ಅವರ ಎದುರಿಗೆ ನಾನೊಬ್ಬಳೇ ಹೂ ಮುಡಿದು ಓಡಾಡಲು ನನಗೆ ಮನಸ್ಸು ಬರುತ್ತಿರಲಿಲ್ಲ. ಬೇಸರವಾಗುತ್ತಿತ್ತು, ಸಿಟ್ಟೂ ಬರುತ್ತಿತ್ತು, ಸುಳ್ಳು ಯಾಕೆ ಹೇಳಲಿ. ಅಷ್ಟು ಚಂದದ ಕೂದಲು ಅವರದು, ನರೆತರೂ ಮೊಣಕಾಲಿನ ತನಕ ಬರುತ್ತಿತ್ತು. ಆ ತುರುಬಿನಲ್ಲಿ ಇನ್ನೊಮ್ಮೆ ಹೂ ನೋಡಬೇಕು ಎಂಬುದೊಂದು ಆಸೆ ನನಗೆ. ಗಂಡನಿಗೂ ಅದೇ ಆಸೆ ಎಂದು ಗೊತ್ತಿತ್ತು. ಇಬ್ಬರೂ ಬಾಯಿಬಿಡುತ್ತಿರಲಿಲ್ಲ.

ಹೀಗಿರುವಾಗ ನಮ್ಮ ಪಾಡಾದ ಕ್ಲಬ್ಬಿನವರು, ಅಂದರೆ ನಮ್ಮ ಬಡಾವಣೆಯ ಹುಡುಗರು, ಗೋಡೆಗೊಂದು ಕಾಗದ ಅಂಟಿಸಿದರು. ವಸಂತದಲ್ಲಿ ಊರಿನ ಪಾರ್ಕುಗಳ ಹೂಮರ ನೋಡುವ ಒಂದು ದಿನದ ಪ್ರವಾಸ. ಮಿನಿಬಸ್ಸು, ಮಧ್ಯಾಹ್ನದ ಊಟ, ತೋರಿಸಿ ವಿವರಿಸಲು ಒಬ್ಬ ದಿದಿಮೊಣಿ. ಮಾರ್ಚ್ ಕೊನೆಯ ಭಾನುವಾರ. ಬ್ಯಾಂಕಿನವರಿಗೆ ವರ್ಷದ ಲೆಕ್ಕ ಮುಗಿಸುವ ಗಡಿಬಿಡಿ, ಆ ದಿನವೂ ಕೆಲಸ. ಗಂಡ ನಮ್ಮಿಬ್ಬರ ಹೆಸರು ಮಾತ್ರ ಬರೆಸಿ ಬಂದರು.

"ಹೂ ನೋಡ್ಲಿಕ್ಕೆ ಹೋಗುವುದು ಅಂದ್ರೆ ಎಂತದು?" ಅತ್ತೆ ಕೇಳಿದರು.

"ನೋಡುವುದು ಅತ್ತೆ. ಮರದಲ್ಲಿ ಹೂ ಆಗಿರ್ತದಲ್ಲ, ಅದನ್ನು."

"ನೋಡಿ?"

"ನೋಡಿ ವಾಪಸ್ ಬರುವುದು."

ಅವರಿಗೆ ನಂಬಿಕೆಯೇ ಬರಲಿಲ್ಲ. ಹೂವೆಂದರೆ ದೇವರಿಗೆ, ಇಲ್ಲವೆಂದರೆ ಮುಡಿಗೆ. ಬಸ್ಸು ಮಾಡಿಕೊಂಡು ಹೋಗಿ ಕತ್ತೆತ್ತಿ ನೋಡಿ ಬರಿಗೈಯಲ್ಲಿ ಬರುವ ಜನ ಇರಲಿಕ್ಕಿಲ್ಲ, ಸೊಸೆಗೆ ಸರಿಯಾಗಿ ಅರ್ಥವಾಗಿಲ್ಲ ಎಂದುಕೊಂಡರು. ಭಾನುವಾರ ಬೆಳಿಗ್ಗೆ ನೋಡುತ್ತೇನೆ, ಕೈಯಲ್ಲಿ ಬೆತ್ತದ ಬುಟ್ಟಿ. ಅದರೊಳಗೆ ಒದ್ದೆ ಬಟ್ಟೆಯಲ್ಲಿ ಸುತ್ತಿಟ್ಟ ಬಾಳೆನಾರು. ಮಾರ್ಕೆಟ್ಟಿನಿಂದ ಪಲ್ಯಕ್ಕೆಂದು ಬಾಳೆದಿಂಡು ತಂದಾಗಲೆಲ್ಲ ಹೊರಗಿನ ಪಟ್ಟೆ ಒಣಗಿಸಿ ನಾರು ಸೀಳಿಟ್ಟುಕೊಳ್ಳುವುದು ಅವರ ಪದ್ಧತಿ.

"ಇದೆಲ್ಲ ಯಾಕೆ ಅತ್ತೆ? ಪಾರ್ಕಿನಲ್ಲಿ ಹೂ ಕೀಳ್ಲಿಕ್ಕೆ ಬಿಡುವುದಿಲ್ಲ."

"ದೇವರಿಗೆ ನಾಲ್ಕು ಹೂ ಬೇಡ ಅಂತ ಯಾರೂ ಹೇಳುವುದಿಲ್ಲ. ನೀನು ಬಾ."

ದಿದಿಮೊಣಿ ಎಂದರೆ ನಮ್ಮ ಕಡೆ ಟೀಚರಮ್ಮ ಅನ್ನುವ ಹಾಗೆ. ಹೆಣ್ಣುಮಕ್ಕಳ ಶಾಲೆಯಲ್ಲಿ ಸಸ್ಯಶಾಸ್ತ್ರ ಕಲಿಸಿ ನಿವೃತ್ತರಾದವರು. ಅಂಚಿಲ್ಲದ ಬಿಳಿ ಸೀರೆ, ಚಿಕ್ಕ ಬಿಳಿ ತುರುಬು, ಗಂಡಸರ ಉದ್ದ ಕೊಡೆ, ಕುತ್ತಿಗೆಯಲ್ಲಿ ಡ್ರಿಲ್ ಮಾಸ್ತರರ ಹಾಗೆ ಸೀಟಿ. ವಯಸ್ಸಿರುವಾಗಲೇ ಗಂಡನನ್ನು ಕಳೆದುಕೊಂಡವರೆಂದು ಪಕ್ಕದ ಸೀಟಿನ ಹೆಂಗಸು ನನಗೆ ತಿಳಿಸಿದಳು. ಬಸ್ಸು ಹೊರಡುವ ಮೊದಲು ದಿದಿಮೊಣಿ ಸೀಟಿ ಊದಿ ನಿಯಮ ಹೇಳಿದರು: ಮರ ಮುಟ್ಟಬಾರದು, ಹೂ ಕೀಳಬಾರದು, ಕಡಲೆಕಾಯಿ ಸಿಪ್ಪೆ ಬಿಸಾಡಬಾರದು. ನಾನು ಅತ್ತೆಗೆ ಕನ್ನಡದಲ್ಲಿ ಹೇಳಿದೆ. ಅವರು ಬುಟ್ಟಿಯನ್ನು ಸೆರಗಿನೊಳಗೆ ಎಳೆದುಕೊಂಡರು.

ಮೊದಲು ಢಾಕುರಿಯಾ ಕೆರೆಯ ದಂಡೆ. ಎಲೆಯೇ ಇಲ್ಲದ ಮುತ್ತುಗದ ಮರ ಮೈತುಂಬ ಹೂ ಬಿಟ್ಟು ನಿಂತಿತ್ತು. ದಿದಿಮೊಣಿ ಕೊಡೆಯ ತುದಿಯಿಂದ ಒಂದೊಂದೇ ಗೊಂಚಲು ತೋರಿಸಿ, ಯಾವ ಹಕ್ಕಿ ಯಾಕೆ ಬರುತ್ತದೆ, ಎಸಳು ಯಾಕೆ ಹೀಗೆ ಬಾಗಿದೆ ಎಂದು ಸೊಗಸಾಗಿ ಹೇಳಿದರು. ಎಲ್ಲರೂ ಆಹಾ ಅಂದರು. ನಾನೂ ಅಂದೆ, ಚಂದವೇ ಇತ್ತು.

"ಪರಿಮಳ ಉಂಟಾ ಕೇಳು," ಅಂದರು ಅತ್ತೆ.

ಇಲ್ಲ ಎಂದು ಉತ್ತರ ಬಂತು.

ಆಮೇಲೆ ಬೂರುಗದ ಮರ. ಅಂಗೈಯಗಲದ ಕೆಂಪು ಹೂ, ದಪ್ಪ ಎಸಳು. ಅತ್ತೆ ಕತ್ತೆತ್ತಿ ನೋಡಿದರು. "ಇದರ ಹತ್ತಿಯಲ್ಲಿ ತಲೆದಿಂಬು ಲಾಯ್ಕಾಗ್ತದೆ," ಎಂದು ಅಭಿಪ್ರಾಯ ಕೊಟ್ಟರು. ಇದಕ್ಕೂ ಪರಿಮಳವಿಲ್ಲ ಎಂದು ತಿಳಿದ ಮೇಲೆ ಅವರ ಆಸಕ್ತಿ ಪೂರ್ತಿ ಇಳಿಯಿತು. ಮಧ್ಯಾಹ್ನ ಮೈದಾನದ ಮರದಡಿಯಲ್ಲಿ ಲುಚಿ ಎನ್ನುವ ಮೈದಾ ಪೂರಿ, ಆಲೂಗಡ್ಡೆ ಪಲ್ಯ ತಿನ್ನುವಾಗ ನನಗೂ ನಿರಾಸೆ. ಈ ಹೂಗಳನ್ನೆಲ್ಲ ಕಂಡು ಅತ್ತೆಯ ಮನಸ್ಸು ಸ್ವಲ್ಪ ಕರಗೀತು ಎಂದು ನಾನು ಎಣಿಸಿದ್ದೆ. ಅವರೋ, ಲುಚಿಗೆ ಉಪ್ಪು ಕಮ್ಮಿ ಎಂದು ನನ್ನ ಕಿವಿಯಲ್ಲಿ ದೂರುತ್ತಿದ್ದರು.

ಕೊನೆಯದು ಶ್ಯಾಮಬಜಾರಿನ ಕಡೆಯ ಒಂದು ಹಳೆಯ ಪಾರ್ಕು. ಹಿಂದಿನ ಸಂಜೆ ಆ ವರ್ಷದ ಮೊದಲ ಬಿರುಗಾಳಿ ಬೀಸಿ ಹೋಗಿತ್ತು. ಒಳಗೆ ಹೋಗಿ ನೋಡಿದರೆ ತೋರಿಸಬೇಕಾಗಿದ್ದ ಮರಗಳೆಲ್ಲ ಖಾಲಿ, ಹೂವೆಲ್ಲ ಕೆಸರಿನಲ್ಲಿ. ದಿದಿಮೊಣಿಯ ಮುಖ ಚಿಕ್ಕದಾಯಿತು. ಕೊಡೆ ಕೆಳಗಿಳಿಸಿ, ಕ್ಷಮೆ ಕೇಳುವ ದನಿಯಲ್ಲಿ ಏನೋ ಹೇಳುತ್ತಿದ್ದರು. ಅಷ್ಟರಲ್ಲಿ ಪಕ್ಕದಲ್ಲಿದ್ದ ಅತ್ತೆ ಕಾಣಲಿಲ್ಲ.

ತಿರುಗಿ ನೋಡಿದರೆ ಗೇಟಿನ ಹತ್ತಿರದ ದಟ್ಟ ಮರವೊಂದರ ಕೆಳಗೆ ಕುಕ್ಕರುಗಾಲಿನಲ್ಲಿ ಕೂತಿದ್ದರು. ಕಲ್ಲುಹಾಸಿನ ಮೇಲೆ ನಕ್ಷತ್ರದಂಥ ಪುಟ್ಟ ಪುಟ್ಟ ಹೂ ರಾಶಿ. ಪರಿಮಳ ನನಗೂ ಬಡಿಯಿತು. ರೆಂಜೆ! ಬಕುಳದ ಹೂವನ್ನು ನಮ್ಮೂರಿನಲ್ಲಿ ಹಾಗೆ ಕರೆಯುವುದು. ದೇವಸ್ಥಾನದ ಹಿಂದೆ ಬೆಳಿಗ್ಗೆ ಬೆಳಿಗ್ಗೆ ಜಗಳವಾಡಿಕೊಂಡು ಹೆಕ್ಕುತ್ತಿದ್ದ ಹೂ. ಮರ ಹತ್ತಿ ಯಾರೂ ಕೀಳುವುದಿಲ್ಲ, ಬಿದ್ದದ್ದನ್ನೇ ಹೆಕ್ಕಬೇಕು. ನಡುವೆ ತೂತು ಇರುವುದರಿಂದ ಸೂಜಿಯೂ ಬೇಡ, ನಾರಿಗೆ ಪೋಣಿಸಿದರಾಯಿತು.

ಸೀಟಿ ಕೇಳಿಸಿತು. ದಿದಿಮೊಣಿ ಕೊಡೆ ಆಡಿಸುತ್ತ ಬಂದರು. ಅತ್ತೆ ಮಾತ್ರ ತಲೆ ಎತ್ತಲಿಲ್ಲ. "ಹೇಳು ಅವರಿಗೆ. ಕೀಳಬಾರದು ಅಂದದ್ದು, ನಾನು ಕೀಳ್ಲಿಲ್ಲ. ಇದನ್ನು ಕಾಲಲ್ಲಿ ಮೆಟ್ಟಿಕೊಂಡು ಖಾಲಿ ಮರ ನೋಡುವುದಾ?"

ನನ್ನ ಮುರುಕು ಬಂಗಾಳಿಯಲ್ಲಿ ಅಷ್ಟನ್ನೂ ಹೇಳಿದೆ, ಮೆಟ್ಟುವ ಮಾತೊಂದನ್ನು ಬಿಟ್ಟು. ದಿದಿಮೊಣಿ ಅತ್ತೆಯ ಬುಟ್ಟಿ ನೋಡಿದರು, ಬಾಳೆನಾರು ನೋಡಿದರು. ಸೀಟಿಯನ್ನು ಸೀರೆಯೊಳಗೆ ಸೇರಿಸಿ, ಸೊಂಟಕ್ಕೆ ಸೆರಗು ಸಿಕ್ಕಿಸಿ, ತಾವೂ ಕೂತು ಹೆಕ್ಕತೊಡಗಿದರು. ಆಮೇಲೆ ಕೇಳಬೇಕೇ, ಬಸ್ಸಿನವರೆಲ್ಲ ಮರದಡಿಯಲ್ಲೇ. ಗೇಟಿನ ಹೊರಗೆ ಸಿಗರೇಟು ಸೇದುತ್ತಿದ್ದ ಗಂಡಸರೂ ಕರವಸ್ತ್ರ ಬಿಚ್ಚಿ ಹೂ ತುಂಬಿದರು.

ವಾಪಸು ಬರುವಾಗ ಧರ್ಮತಲಾದಲ್ಲಿ ಮೆರವಣಿಗೆ ಅಡ್ಡ ಬಂತು. ಮೈದಾನದ ಸಭೆಗೆ ಹೊರಟ ಜನ, ಮೊದಲೂ ಕಾಣದು ಕೊನೆಯೂ ಕಾಣದು. ಡ್ರೈವರು ಎಂಜಿನ್ ಆರಿಸಿ ಬೀಡಿ ಹಚ್ಚಿದ. ಅತ್ತೆ ಮಡಿಲಲ್ಲಿ ಬುಟ್ಟಿ ಇಟ್ಟುಕೊಂಡು ಪೋಣಿಸಲು ಶುರುಮಾಡಿದರು. ಆ ಬೆರಳುಗಳ ಓಟವನ್ನು ನೋಡಲು ಹಿಂದಿನ ಸೀಟಿನವರು ಎದ್ದು ಬಂದು ಸುತ್ತ ನಿಂತರು. ದೇವರ ಪಾಲನ್ನು ಮೊದಲೇ ಎತ್ತಿಟ್ಟು, ಉಳಿದ ಮಾಲೆಯನ್ನು ತುಂಡು ಮಾಡಿ ಸೀಟಿನಿಂದ ಸೀಟಿಗೆ ಹೋಗಿ ಹೆಂಗಸರಿಗೆಲ್ಲ ಮುಡಿಸುತ್ತ ಬಂದರು. ಬಂಗಾಳಿ ಹೆಂಗಸರು ದಿನಾ ಹೂ ಮುಡಿಯುವವರಲ್ಲ. ಮದುವೆ ಮನೆಗೆ ಹೊರಟವರ ಹಾಗೆ ಕನ್ನಡಿ ತೆಗೆದು ನೋಡಿಕೊಂಡು ಖುಷಿಪಟ್ಟರು.

ಮುಂದಿನ ಸೀಟಿನಲ್ಲಿ ದಿದಿಮೊಣಿ ಕೂತಿದ್ದರು. ಅತ್ತೆ ಅಲ್ಲಿಗೆ ಬಂದವರು ಹೂ ಹಿಡಿದ ಕೈ ಚಾಚಿ, ಬಿಳಿ ಸೀರೆ ನೋಡಿ, ಕೈ ಹಿಂದಕ್ಕೆಳೆದರು. ಅವರ ಸಂಕಟ ನನಗೆ ತಿಳಿಯಿತು. ಕೊಟ್ಟರೆ ನೋಯಿಸಿದ ಹಾಗೆ, ಕೊಡದಿದ್ದರೆ ಅವರೊಬ್ಬರನ್ನೇ ಬಿಟ್ಟ ಹಾಗೆ. "ಎಂತ ಮಾಡುವುದು ಮಾರಾಯ್ತಿ?" ಎಂದು ನನ್ನ ಕಡೆ ನೋಡಿದರು.

"ಏನಂತೆ?" ದಿದಿಮೊಣಿ ಕೇಳಿದರು.

ನಾನು ತಡವರಿಸುತ್ತ ಹೇಳಿದೆ. ದಿದಿಮೊಣಿ ನಕ್ಕ ನಗುವಿಗೆ ಡ್ರೈವರು ತಿರುಗಿ ನೋಡಿದ. "ಹುಡುಗಿಯರಿಗೆ ಜೀವಮಾನವೆಲ್ಲ ಹೂವಿನ ಪಾಠ ಹೇಳಿದವಳು ನಾನು. ನನಗೆ ಹೂ ಬೇಡ ಅಂತ ಯಾರು ಹೇಳಿದ್ದು? ಕೊಡುವವರು ಯಾರೂ ಬರಲಿಲ್ಲ, ಅಷ್ಟೆ." ಎಂದವರೇ ತುರುಬನ್ನು ಅತ್ತೆಯ ಕಡೆ ತಿರುಗಿಸಿದರು.

ಈ ಮಾತನ್ನು ನಾನು ಕನ್ನಡದಲ್ಲಿ ಹೇಳಿದೆ. ಅತ್ತೆ ನಿಧಾನವಾಗಿ, ಉಳಿದವರಿಗಿಂತ ತುಸು ಉದ್ದದ ತುಂಡನ್ನೇ ಆರಿಸಿ ಮುಡಿಸಿದರು. ಮುಗಿಸಿ ಹೊರಡುವಷ್ಟರಲ್ಲಿ ದಿದಿಮೊಣಿ ಅವರ ಕೈ ಹಿಡಿದುಕೊಂಡರು. ಇನ್ನೊಂದು ಕೈಯಿಂದ ಬುಟ್ಟಿಯೊಳಗಿನ ಒಂದು ತುಂಡನ್ನು ಎತ್ತಿದರು.

"ಚೋಲ್‌ಬೆ ನಾ!" ಎಂದು ಅತ್ತೆ ಕೂಗಿಯೇ ಬಿಟ್ಟರು. ಅದೇ ಹೊತ್ತಿಗೆ ಹೊರಗಿನ ಮೆರವಣಿಗೆಯೂ ಅದನ್ನೇ ಕೂಗಿತು. ಬಸ್ಸಿಗೆ ಬಸ್ಸೇ ನಕ್ಕಿತು.

"ಚೋಲ್‌ಬೆ," ಅಂದರು ದಿದಿಮೊಣಿ. ನಡೆಯುತ್ತದೆ. ಯಾವ ಹುಡುಗಿಯೂ ಎದುರಾಡಿರದ ಟೀಚರಿನ ದನಿ ಅದು. ತಮ್ಮ ತಲೆಯದೇ ಒಂದು ಪಿನ್ನು ಕಿತ್ತು ಅತ್ತೆಯ ತುರುಬಿಗೆ ಹೂ ಸಿಕ್ಕಿಸಿದರು.

ಅತ್ತೆಯ ಕೈ ತಟ್ಟನೆ ಮೇಲಕ್ಕೆ ಹೋಯಿತು. ಈಗ ಕಿತ್ತು ಬುಟ್ಟಿಗೆ ಹಾಕುತ್ತಾರೆ, ನಾಳೆಯಿಂದ ಒಂದು ವಾರ ಮಾತಿಲ್ಲ ಎಂದು ನಾನು ಎಣಿಸಿದೆ. ಕೈ ಹೂವನ್ನು ಮುಟ್ಟಿತು, ಮುಟ್ಟಿಕೊಂಡೇ ಉಳಿಯಿತು. ಬಂದು ನನ್ನ ಪಕ್ಕ ಕೂತರು. "ಪಿನ್ನು ಸ್ವಲ್ಪ ಚುಚ್ತದೆ," ಎಂದರು. ಆಮೇಲೆ ನನ್ನನ್ನು ಮೇಲಿಂದ ಕೆಳಗೆ ನೋಡಿ, "ನೀನೆಂತ ಹೀಗೆ ಖಾಲಿ ಜಡೆಯಲ್ಲಿ ಕೂತದ್ದು? ತಿರುಗು," ಎಂದು ಉಳಿದ ತುಂಡನ್ನು ನನಗೆ ಮುಡಿಸಿದರು. ನಾನು ಕಿಟಕಿಯ ಕಡೆ ಮುಖಮಾಡಿ ಕಣ್ಣೀರು ಹಾಕಿದೆ. ಸಂತೋಷಕ್ಕೇ.

ನಮ್ಮ ಬೀದಿ ಹತ್ತಿರವಾದಂತೆ ಅತ್ತೆ ತಲೆಯ ಮೇಲೆ ಸೆರಗು ಎಳೆದುಕೊಂಡರು. ಬಸ್ಸಿನವರು ಪರರು, ಬಾಗಿಲು ತೆಗೆಯುವವನು ಮಗ. ಮೆಟ್ಟಿಲು ಹತ್ತುವಾಗ ಒಂದೆರಡು ಸಲ ನಿಂತರು. ಮೊಣಕಾಲು ನೋವು ಅಂದರು. ಗಂಡ ಆಗಷ್ಟೇ ಬ್ಯಾಂಕಿನಿಂದ ಬಂದಿದ್ದರು. ಬಾಗಿಲು ತೆಗೆದವರು ಒಂದು ಗಳಿಗೆ ಹಾಗೇ ನಿಂತು ಉಸಿರೆಳೆದುಕೊಂಡರು.

"ರೆಂಜೆಯಾ?"

"ಹೌದು," ಅಂದೆ ನಾನು. ಅವರ ಕಣ್ಣು ನನ್ನ ಜಡೆಯ ಮೇಲೆ ಹೋಗಿ, ಅಲ್ಲಿಂದ ಅಮ್ಮನ ಸೆರಗಿನ ಮೇಲೆ ನಿಂತಿತು.

ಅತ್ತೆ ಒಳಗೆ ಬಂದು ಬುಟ್ಟಿ ಕೆಳಗಿಟ್ಟರು. ಮಗನಿಗೆ ಬೆನ್ನು ಹಾಕಿ, ಗೋಡೆಯ ಕ್ಯಾಲೆಂಡರ್ ನೋಡುವವರ ಹಾಗೆ ನಿಂತು, ಮೆಲ್ಲಗೆ ಸೆರಗು ಇಳಿಸಿದರು.

"ಚೋಲ್‌ಬೆ?" ಎಂದು ಗೋಡೆಯನ್ನು ಕೇಳಿದರು.

ಗಂಡ ಹತ್ತಿರ ಹೋಗಿ, ಶಾಯಿ ಮೆತ್ತಿದ ಬೆರಳಿನಿಂದ ಅಮ್ಮನ ತುರುಬು ಮುಟ್ಟಿ, "ಇಲ್ಲಿ ಸ್ವಲ್ಪ ಜಾರಿದೆ ಅಮ್ಮ," ಎಂದು ಪಿನ್ನನ್ನು ತೆಗೆದು ಸರಿಯಾಗಿ ಸಿಕ್ಕಿಸಿದರು.