ಎಡಗಡೆಯ ಪಿಟೀಲು

ಭಾನುವಾರ ಬೆಳಿಗ್ಗೆ ತಿಂಡಿ ಆರುತ್ತಿದ್ದರೂ ವಿಮಾ ಕಚೇರಿಯ ಗುಮಾಸ್ತರು ಮೇಜಿನ ಮೇಲೆ ಮೂರು ಡ್ಯಾಕ್‌ಗಳನ್ನು ಸಾಲಾಗಿಟ್ಟು ಕಣ್ಣು ಮುಚ್ಚಿ ಕೂತಿದ್ದಾರೆ. ಕಂಪ್ಯೂಟರಿನೊಳಗಿನ ಅಂಕಿಗಳನ್ನು ಹಾಡಾಗಿಸುವ, ಬುತ್ತಿ ಡಬ್ಬಿಯಷ್ಟು ದೊಡ್ಡ ಪೆಟ್ಟಿಗೆಗಳು ಅವು. ಕೇಳಲು ಕೂರುವ ಮುಂಚೆ ಫ್ರಿಜ್ ಆರಿಸುತ್ತಾರೆ, ಗೋಡೆ ಗಡಿಯಾರವನ್ನು ರಗ್ಗಿನಲ್ಲಿ ಸುತ್ತಿಡುತ್ತಾರೆ, ನೆಂಟರು ಬಂದರೆ ಉಸಿರನ್ನೂ ಮೆಲ್ಲಗೆ ಬಿಡಿ ಎನ್ನುತ್ತಾರೆ. ಒಂದರ ದನಿ ಅವರಿಗೆ "ಒಣಕಲು", ಇನ್ನೊಂದರದು "ಎಣ್ಣೆ ಹಚ್ಚಿ ಬಾಚಿದ ಹಾಗೆ". "ಮೂರರಲ್ಲೂ ಅದೇ ಪಿಟೀಲು ತಾನೇ ಕುಯ್ತಿರೋದು?" ಎಂದು ಹೆಂಡತಿ ಕೇಳಿದರೆ, "ನಿಂಗೆ ಗೊತ್ತಾಗಲ್ಲ ಬಿಡೇ" ಎಂಬುದು ಸಿದ್ಧ ಉತ್ತರ. ಆದರೆ ಈಚೆಗೆ ತಂದ ಪೆಟ್ಟಿಗೆಗಳೆಲ್ಲ ಎಡಗಡೆ ದನಿ ಸೊರಗಿದೆ ಎಂಬ ಒಂದೇ ದೂರು ಹೊತ್ತು ಅಂಗಡಿಗೆ ಮರಳುತ್ತಿವೆ. ಇವತ್ತೂ ಅದನ್ನೇ ಅಂದರು. ಅವರು ನೀರು ಕುಡಿಯಲು ಎದ್ದಾಗ ಹೆಂಡತಿ ಅವರು ಕೇಳುತ್ತಿದ್ದ ಪೆಟ್ಟಿಗೆಯ ಹಿಂದಿನಿಂದ ಸ್ಪೀಕರುಗಳಿಗೆ ಹೋಗುವ ಎಡಬಲದ ತಂತಿಗಳನ್ನು ಅದಲುಬದಲು ಮಾಡಿದರು. ಬಂದು ಕೂತು ಕೇಳಿದ ಗುಮಾಸ್ತರು, "ನೋಡು, ಎಡಗಡೆ ಈಗಲೂ ಸೊರಗಿದೆ" ಎಂದರು. "ತಂತಿ ತಿರುಗಿಸಿ ಹಾಕಿದೀನಿ ರೀ. ಪೆಟ್ಟಿಗೇದೇ ತಪ್ಪಾಗಿದ್ರೆ ಈಗ ಬಲಗಡೆ ಸೊರಗಬೇಕಿತ್ತಲ್ವಾ?" ಗುಮಾಸ್ತರು ಎಡಗಿವಿಯ ಬಳಿ ಚಿಟಿಕೆ ಹೊಡೆದರು, ಆಮೇಲೆ ಬಲಗಿವಿಯ ಬಳಿ, ಮತ್ತೆ ಎಡಗಡೆ. ನಾಳೆ ರಜೆ ಹಾಕಿ ಇಬ್ಬರೂ ಕಿವಿ ಡಾಕ್ಟರ ಹತ್ತಿರ ಹೋಗುತ್ತಾರೆ.